ದ್ವೀಪದವರು ಏನನ್ನುತ್ತಿದ್ದಾರೆ?

ರಾಬರ್ಟ್ ಫ್ಲಾಹರ್ಟಿ ಅವರ ‘ಮ್ಯಾನ್ ಆಫ್ ಅರಾನ್’ 1934ರಲ್ಲಿ ತೆರೆಕಂಡ ಚಿತ್ರ. ಐರ್ಲೆಂಡಿನ ಪಡುವಣಕ್ಕೆ, ಅಟ್ಲಾಂಟಿಕ್ ಸಮುದ್ರದಲ್ಲಿರುವ ಮೂರು ಸುಣ್ಣಕಲ್ಲಿನ ದ್ವೀಪಗಳ ಬದುಕು ಅದರ ವಸ್ತು. ಮರವಿಲ್ಲ, ಮಣ್ಣಿಲ್ಲ, ಇರುವುದೆಲ್ಲ ಬಂಡೆ, ಗಾಳಿ, ಕಡಲು. ಅದನ್ನು ಮೊದಲ ಸಲ ನೋಡಿದ್ದು ಬೆಂಗಳೂರಿನ ಒಂದು ಕತ್ತಲ ಕೋಣೆಯಲ್ಲಿ. ಅಲೆಗಳ ಎತ್ತರ ಕಂಡು ಬೆರಗಾಗಿ ಮನೆಗೆ ಬಂದಿದ್ದೆ, ಅಷ್ಟೆ. ಎರಡನೆಯ ಸಲ ನೋಡಿದ್ದು ವಿಶಾಖಪಟ್ಟಣದ ಪೆದ ಜಾಲಾರಿಪೇಟೆಯಲ್ಲಿ, ಮೀನುಗಾರರ ಮನೆಯೊಂದರ ಜಗಲಿಯ ಮೇಲೆ. ಮೀನು ಹೊರುವ ಅಲ್ಯುಮಿನಿಯಂ ಬುಟ್ಟಿಯನ್ನು ಬೋರಲು ಹಾಕಿ ಅದರ ಮೇಲೆ ಲ್ಯಾಪ್‌ಟಾಪ್ ಇಟ್ಟಿದ್ದೆವು. ಅಂದು ನೋಡಿದ್ದು ಬೇರೆಯೇ ಚಿತ್ರ.

ಅದು ಮೇ ತಿಂಗಳು. ಪೂರ್ವ ಕರಾವಳಿಯಲ್ಲಿ ಏಪ್ರಿಲ್ 15ರಿಂದ ಜೂನ್ 14ರವರೆಗೆ ಯಂತ್ರದ ದೋಣಿಗಳು ಕಡಲಿಗಿಳಿಯುವಂತಿಲ್ಲ. ಮೀನುಗಾರಿಕೆಗೆ ಇಲ್ಲಿಯವರು ಹೇಳುವ ಮಾತು ‘ವೇಟ’, ನಮ್ಮ ‘ಬೇಟೆ’ಯೇ. ಬೇಟೆ ನಿಂತ ದಿನಗಳಾದ್ದರಿಂದ ಮನೆಯ ಹಿರಿಯರಿಗೆ ಬಿಡುವಿತ್ತು. ಹರೆಯದಲ್ಲಿ ತೆಪ್ಪದಲ್ಲಿ ಹೋಗುತ್ತಿದ್ದವರು ಅವರು. ತೆಪ್ಪವೆಂದರೆ ಉದ್ದನೆಯ ಮರದ ದಿಮ್ಮಿಗಳನ್ನು ಹಗ್ಗದಿಂದ ಬಿಗಿದು ಮಾಡಿದ ತೇಲು. ದಡಕ್ಕೆ ಬಂದ ಮೇಲೆ ಹಗ್ಗ ಬಿಚ್ಚಿ ದಿಮ್ಮಿಗಳನ್ನು ಬಿಸಿಲಿಗೆ ಒಣಗಲು ಬಿಡುತ್ತಾರೆ. ಚಿತ್ರದಲ್ಲಿ ಅರಾನಿನ ಗಂಡಸರು ತಮ್ಮ ಹಗುರ ದೋಣಿಯನ್ನು ತಲೆಕೆಳಗು ಮಾಡಿ ಭುಜದ ಮೇಲೆ ಹೊತ್ತು ನೀರಿಗೆ ತರುತ್ತಾರೆ. ಮರದ ಚೌಕಟ್ಟಿಗೆ ಡಾಂಬರು ಬಳಿದ ಕ್ಯಾನ್ವಾಸ್ ಸುತ್ತಿದ ದೋಣಿ ಅದು. ಅದರ ಹುಟ್ಟಿಗೆ ಅಗಲದ ಹಲಗೆಯಿಲ್ಲ, ಕೋಲಿನ ಹಾಗೆ ಸಪೂರ. ತಾತ ಅದನ್ನು ಕೂಡಲೆ ಗುರುತಿಸಿದರು: ಅಗಲದ ತೆಡ್ಡು ಆ ಗಾಳಿಯಲ್ಲಿ ಕೈಯಲ್ಲಿ ನಿಲ್ಲೋದಿಲ್ಲ, ಅದಕ್ಕೇ ಹಾಗೆ ಮಾಡಿದ್ದಾರೆ ಎಂದರು. ಚಿತ್ರದ ಕೊನೆಯ ಬಿರುಗಾಳಿಯಲ್ಲಿ ಮೂವರು ದೋಣಿಯನ್ನು ದಡಕ್ಕೆ ತರಲು ಹೆಣಗುವಾಗ ತಾತನ ತುಟಿ ಅಲುಗುತ್ತಿತ್ತು. ಕೆರಟಗಳನ್ನು, ಎಂದರೆ ಅಲೆಗಳನ್ನು, ಎಣಿಸುತ್ತಿದ್ದರು. ದೊಡ್ಡ ಕೆರಟಗಳ ಸಾಲು ಮುಗಿದು ಕಡಲು ಒಂದು ಗಳಿಗೆ ಉಸಿರು ಹಿಡಿಯುವುದನ್ನು ಕಾದು ನುಗ್ಗಬೇಕು. ಇದು ಅರಾನಿನವರಿಗೂ ಗೊತ್ತು, ಇವರಿಗೂ ಗೊತ್ತು.

ಅದಕ್ಕೂ ಮುಂಚಿನ ಒಂದು ದೃಶ್ಯದಲ್ಲಿ ಹೆಂಗಸೊಬ್ಬಳು ನೊರೆಗಟ್ಟಿದ ಅಲೆಗಳ ನಡುವೆ ಬಲೆಯನ್ನು ಎಳೆಯುತ್ತಾಳೆ. ಅಲೆ ಬಂದು ಕೆಡವುತ್ತದೆ. ಎದ್ದು ಮತ್ತೆ ಬಲೆಗೇ ಕೈ ಹಾಕುತ್ತಾಳೆ. ಮನೆಯ ಮಾಮ್ಮ, ಎಂದರೆ ಅಜ್ಜಿ, ಅಲ್ಲಿಯವರೆಗೆ ಬಾಗಿಲ ಬಳಿ ನಿಂತು ನೋಡುತ್ತಿದ್ದವರು ಕೂತರು. ಬಲೆ ಬಿಟ್ಟು ಬರಬಾರದಾ ಎಂದು ನಾನು ಅಂದುಬಿಟ್ಟೆ. “ಬಲೆ ಹೋದರೆ ಸಾಲ ಯಾರು ತೀರಿಸ್ತಾರೆ ಬಾಬೂ?” ಎಂದರು. ಸ್ವಲ್ಪ ಹೊತ್ತು ಬಿಟ್ಟು ಕೇಳಿದರು, ಈ ಚಿತ್ರಕ್ಕೆ ಅವಳಿಗೆ ಎಷ್ಟು ಕೊಟ್ಟರು ಎಂದು. ತಾತನ ಪ್ರಶ್ನೆ ಇನ್ನೊಂದು. ಚಿತ್ರದುದ್ದಕ್ಕೂ ಜನ ಗಾಳಿಯಲ್ಲಿ ಏನೋ ಕೂಗುತ್ತಾರೆ. ಅರ್ಧ ಕೇಳಿಸುತ್ತದೆ, ಅರ್ಧ ಅಲೆಯ ಸದ್ದಿನಲ್ಲಿ ಮುಳುಗುತ್ತದೆ. “ಏಮಂಟುನ್ನಾರು ವಾಳ್ಳು?” ಎಂದು ತಾತ ಮೂರು ಸಲ ಕೇಳಿದರು. ಅವರು ಏನನ್ನುತ್ತಿದ್ದಾರೆ? ಮೂರು ಸಲವೂ ನನಗೆ ಹೇಳಲಾಗಲಿಲ್ಲ.

ಆ ಕಾಲದ ದ್ವೀಪಚಿತ್ರಗಳ ಬಗ್ಗೆ ಜಗತ್ತಿನಲ್ಲಿ ನಡೆದಿರುವ ಚರ್ಚೆಯೆಲ್ಲ ‘ನಿಜವೋ ನಾಟಕವೋ’ ಎಂಬ ಒಂದೇ ಗೂಟಕ್ಕೆ ಸುತ್ತಿಕೊಂಡಿದೆ. ಈ ಜಗಲಿಯ ಎರಡು ಪ್ರಶ್ನೆಗಳು ಅದಕ್ಕಿಂತ ಆಳಕ್ಕೆ ಹೋಗುತ್ತವೆ ಎಂದು ನನ್ನ ನಂಬಿಕೆ. ಆ ಚಿತ್ರಗಳು ದ್ವೀಪದವರ ಮುಖವನ್ನು ಉಳಿಸಿಕೊಟ್ಟವು, ಮಾತನ್ನು ಕಳೆದವು. ಇದು ಅಟ್ಲಾಂಟಿಕ್ಕಿನಲ್ಲಿ ಹೇಗಾಯಿತು, ಮೈಸೂರಿನಲ್ಲಿ ಹೇಗಾಯಿತು, ಕೃಷ್ಣೆಯ ಮುಖಜದಲ್ಲಿ ಹೇಗಾಯಿತು ಎಂದು ಒಮ್ಮೆ ಸಾಲಾಗಿ ನೋಡಬೇಕು.

ನಾಟಕದ ವಿಷಯವನ್ನು ಮೊದಲು ಮುಗಿಸಿಬಿಡೋಣ. ಚಿತ್ರದಲ್ಲಿ ಗಂಡ, ಹೆಂಡತಿ, ಮಗ ಎಂದು ಕಾಣುವ ಕೋಲ್ಮನ್ ಕಿಂಗ್, ಮ್ಯಾಗಿ ಡಿರೇನ್ ಮತ್ತು ಹುಡುಗ ಮೈಕೆಲ್ ಡಿಲೇನ್ ಒಂದೇ ಮನೆಯವರಲ್ಲ. ಮುಖ ನೋಡಿ ಆರಿಸಿಕೊಂಡವರು. ದೈತ್ಯ ಶಾರ್ಕ್ ಮೀನನ್ನು ಈಟಿಯಿಂದ ಹೊಡೆದು ಅದರ ಪಿತ್ತಜನಕಾಂಗದ ಎಣ್ಣೆ ತೆಗೆದು ದೀಪ ಉರಿಸುವ ಪದ್ಧತಿ ಅರಾನಿನಲ್ಲಿ ಎರಡು ತಲೆಮಾರಿನ ಹಿಂದೆಯೇ ನಿಂತುಹೋಗಿತ್ತು. ಫ್ಲಾಹರ್ಟಿ ಹೊರಗಿನಿಂದ ಬಲ್ಲವರನ್ನು ಕರೆಸಿ ದ್ವೀಪದವರಿಗೆ ಅದನ್ನು ಹೊಸದಾಗಿ ಕಲಿಸಿದರು. ಬಿರುಗಾಳಿಯ ದೋಣಿಯ ದೃಶ್ಯದಲ್ಲಿ ಮಾತ್ರ ನಾಟಕವಿಲ್ಲ. ಆ ಮೂವರು ನಿಜವಾಗಿ ಸಾಯಬಹುದಿತ್ತು. ಒಂದು ಪೀಪಾಯಿ ಬಿಯರಿಗೆ, ತಲೆಗೆ 5 ಪೌಂಡಿಗೆ ಅವರಿಂದ ಅಂಥ ಕೆಲಸ ಮಾಡಿಸಿದ್ದಕ್ಕೆ ತನಗೆ ಗುಂಡು ಹಾಕಬೇಕಿತ್ತು ಎಂದು ಫ್ಲಾಹರ್ಟಿಯವರೇ ಆಮೇಲೆ ಹೇಳಿಕೊಂಡರು. ಮಾಮ್ಮನ ಪ್ರಶ್ನೆಗೆ ನನ್ನ ಬಳಿ ಇದ್ದದ್ದು ಇದೊಂದೇ ಲೆಕ್ಕ. ಹೇಳಿದೆ. ಅವರು ಏನೂ ಅನ್ನಲಿಲ್ಲ.

ವಿಮರ್ಶಕರು ಅಂದಿನಿಂದಲೂ ಎತ್ತಿದ ಇನ್ನೊಂದು ಆಕ್ಷೇಪವಿದೆ. ಬಂಡೆಯನ್ನು ಒಡೆದು, ಬಿರುಕುಗಳಿಂದ ಹಿಡಿಹಿಡಿ ಮಣ್ಣು ಕೆದಕಿ, ಕಡಲ ಪಾಚಿ ಹೊತ್ತು ತಂದು ಹಾಸಿ ಆಲೂಗಡ್ಡೆಗೆ ಹೊಲ ಮಾಡುವ ದೃಶ್ಯ ಈ ಚಿತ್ರದ ಅತ್ಯುತ್ತಮ ಭಾಗಗಳಲ್ಲೊಂದು. ಆದರೆ ಆ ನೆಲಕ್ಕೆ ಗೇಣಿ ಯಾರಿಗೆ ಹೋಗುತ್ತಿತ್ತು, ಹಿಡಿದ ಮೀನಿಗೆ ಬೆಲೆ ಕಟ್ಟುತ್ತಿದ್ದವರು ಯಾರು, ಎಷ್ಟು ಜನ ಅಮೆರಿಕಕ್ಕೆ ಹಡಗು ಹತ್ತಿದರು ಎಂಬುದು ಚಿತ್ರದಲ್ಲಿಲ್ಲ. ಮನುಷ್ಯನ ಎದುರಾಳಿ ಕಡಲೊಂದೇ. ಆ ವರ್ಷದ ವೆನಿಸ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ವಿದೇಶಿ ಚಿತ್ರವೆಂದು ಇದಕ್ಕೆ ಸಿಕ್ಕಿದ್ದು ಮುಸೊಲಿನಿಯ ಹೆಸರಿನ ಕಪ್ಪು. ಸಾಹುಕಾರನಿಲ್ಲದ, ಸರ್ಕಾರವಿಲ್ಲದ, ಬರೀ ಗಟ್ಟಿ ಮೈಯ ಬಡವ ಯಾವ ಆಳುವವರಿಗೆ ತಾನೆ ಹಿಡಿಸುವುದಿಲ್ಲ?

ಇಷ್ಟಾದರೂ ಸಾಹುಕಾರನನ್ನು ಬಿಟ್ಟದ್ದಕ್ಕಿಂತ ಮಾತನ್ನು ಬಿಟ್ಟದ್ದು ದೊಡ್ಡ ನಷ್ಟವೆಂದೇ ನಾನು ಎಣಿಸುತ್ತೇನೆ. ಮಾತಾಡಲು ಬಿಟ್ಟಿದ್ದರೆ ಸಾಹುಕಾರನ ಸುದ್ದಿಯನ್ನು ಅವರೇ ಎತ್ತುತ್ತಿದ್ದರು. ಅರಾನಿನ ಜನ ಮನೆಯಲ್ಲಿ ಆಡುತ್ತಿದ್ದದ್ದು ಐರಿಷ್ ಭಾಷೆ. ಫ್ಲಾಹರ್ಟಿ ದ್ವೀಪದಲ್ಲಿ ಚಿತ್ರಿಸಿದ್ದೆಲ್ಲ ಮೂಕ. ಆಮೇಲೆ ನಟರನ್ನು ಲಂಡನ್ನಿಗೆ ಕರೆಸಿ, ಸ್ಟುಡಿಯೋದಲ್ಲಿ ನಿಲ್ಲಿಸಿ, ಅಲ್ಲೊಂದು ಇಲ್ಲೊಂದು ಮಾತು ಆಡಿಸಿ, ಗಾಳಿಯ ಸದ್ದು ಮತ್ತು ಸಂಗೀತದ ನಡುವೆ ಅದನ್ನು ಹೊಸೆದರು. ಮಾತು ಅಲ್ಲಿ ಅಲೆಯ ಹಾಗೆ, ಹಕ್ಕಿಯ ಕೂಗಿನ ಹಾಗೆ ಇನ್ನೊಂದು ಸದ್ದು. ತಾತನಿಗೆ ಅರ್ಥವಾಗದೆ ಹೋದದ್ದರಲ್ಲಿ ಅವರ ತಪ್ಪೇನೂ ಇರಲಿಲ್ಲ.

ಅದೇ ಲಂಡನ್ ಪ್ರಯಾಣದಲ್ಲಿ ಇನ್ನೊಂದು ಕೆಲಸವೂ ನಡೆಯಿತು. ಅದೇ ನಟರನ್ನು ಒಲೆಯ ಸುತ್ತ ಕೂರಿಸಿ, ಅರಾನಿನ ಕಥೆಗಾರನೊಬ್ಬ ಐರಿಷಿನಲ್ಲಿ ಕಥೆ ಹೇಳುವ ಹನ್ನೊಂದು ನಿಮಿಷದ ಚಿಕ್ಕ ಚಿತ್ರವನ್ನು ಫ್ಲಾಹರ್ಟಿ ತೆಗೆದರು. ‘ಕಥೆಗಳ ಇರುಳು’ ಎಂದು ಅದರ ಹೆಸರಿನ ಅರ್ಥ. 1935ರಲ್ಲಿ ಹೊರಬಂದ ಅದು ಐರಿಷ್ ಭಾಷೆಯ ಮೊದಲ ಮಾತಿನ ಚಿತ್ರ. ಬಿರುಗಾಳಿಯಿಲ್ಲ, ಶಾರ್ಕ್ ಇಲ್ಲ. ಒಬ್ಬ ಹೇಳುತ್ತಾನೆ, ಉಳಿದವರು ಕೇಳುತ್ತಾರೆ. ಆ ಚಿತ್ರದ ಪ್ರತಿಗಳು ಬೆಂಕಿಗೆ ಆಹುತಿಯಾಗಿ, ಅದು ಎಂದೆಂದಿಗೂ ಕಳೆದೇ ಹೋಯಿತು ಎಂದು ಎಲ್ಲರೂ ಕೈಬಿಟ್ಟಿದ್ದರು. 2012ರಲ್ಲಿ ಹಾರ್ವರ್ಡ್ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ಒಂದು ಪ್ರತಿ ಸಿಕ್ಕಿತು. ಅಲೆಯ ಚಿತ್ರ ಜಗತ್ತು ಸುತ್ತಿತು. ಮಾತಿನ ಚಿತ್ರ ಸುಮಾರು 77 ವರ್ಷ ಕಪಾಟಿನಲ್ಲಿ ಕೂತಿತು.

ಬರಹದಲ್ಲಿ ಮಾತ್ರ ದ್ವೀಪದವರೊಬ್ಬರು ಕೂಡಲೆ ಬಾಯಿ ಬಿಟ್ಟರು. ಚಿತ್ರೀಕರಣಕ್ಕೆ ಫ್ಲಾಹರ್ಟಿಯವರ ಬಲಗೈಯಾಗಿದ್ದ ಪ್ಯಾಟ್ ಮಲ್ಲೆನ್ ಚಿತ್ರದ ಹೆಸರಿನಲ್ಲೇ ಒಂದು ಪುಸ್ತಕ ಬರೆದರು. ಜನರನ್ನು ಒಪ್ಪಿಸಲು ಪಟ್ಟ ಪಾಡು, ಊರಿನಲ್ಲಿ ಹಬ್ಬಿದ ಗುಮಾನಿ ಎಲ್ಲವೂ ಅದರಲ್ಲಿದೆ. ಬರಗಾಲದಲ್ಲಿ ಸೂಪು ಕೊಟ್ಟು ಮತ ಬದಲಿಸಿದ ಹಳೆಯ ನೆನಪು ಆ ದ್ವೀಪದಲ್ಲಿ ಇನ್ನೂ ಆರಿರಲಿಲ್ಲ. ಹಾಗಾಗಿ ಹುಡುಗನನ್ನು ಈ ಪರದೇಶಿಗಳು ಮತಾಂತರ ಮಾಡಿಬಿಟ್ಟಾರೆಂದು ಅವನ ತಾಯಿ ಹೆದರಿದ್ದಳು. ಇಡೀ ಚಿತ್ರದಲ್ಲಿ ಕಾಣದ ಅರಾನ್ ಈ ಒಂದು ಹೆದರಿಕೆಯಲ್ಲಿ ಕಾಣುತ್ತದೆ.

ಅದೇ ಕಾಲದ ಉಳಿದ ಅಟ್ಲಾಂಟಿಕ್ ದ್ವೀಪಚಿತ್ರಗಳಲ್ಲಿ ಸ್ಕಾಟ್ಲೆಂಡಿನ ಸೇಂಟ್ ಕಿಲ್ಡಾ ಕುರಿತ 1928ರ ಮೂಕಚಿತ್ರ ನನ್ನನ್ನು ಹೆಚ್ಚು ಕಾಡುತ್ತದೆ. ಪ್ರವಾಸಿಗರ ಹಡಗು ಬರುತ್ತದೆ. ದ್ವೀಪದವರು ಕ್ಯಾಮೆರಾ ಕಂಡು ನಾಚಿ ಮುಖ ಮುಚ್ಚಿಕೊಳ್ಳುತ್ತಾರೆ. ಮಕ್ಕಳಿಗೆ ಸಿಹಿ ಹಂಚುತ್ತಾರೆ. ಕಡಿದಾದ ಬಂಡೆಯ ಮೇಲೆ ಹಗ್ಗ ಇಳಿಬಿಟ್ಟು ಕಡಲಹಕ್ಕಿ ಹಿಡಿಯುತ್ತಾರೆ. ಒಂದು ಕಾಲಕ್ಕೆ ಜಮೀನ್ದಾರನಿಗೆ ಗೇಣಿಯನ್ನು ಹಕ್ಕಿಯ ಗರಿಗಳಲ್ಲಿ ಕಟ್ಟುತ್ತಿದ್ದ ಜನ ಇವರು. ಆ ಚಿತ್ರವಾದ ಎರಡೇ ವರ್ಷಕ್ಕೆ, 1930ರ ಮೇ 10ರಂದು, ಅವರು ಸರ್ಕಾರಕ್ಕೆ ಒಂದು ಕಾಗದ ಬರೆದರು. ದುಡಿಯುವ ಗಂಡಸರು ಉಳಿದಿಲ್ಲ, ಇನ್ನೊಂದು ಚಳಿಗಾಲ ಇಲ್ಲಿ ಕಳೆಯಲಾಗದು, ನಮ್ಮನ್ನು ಕರೆದುಕೊಂಡು ಹೋಗಿ ಬೇರೆಡೆ ನೆಲೆ ಕೊಡಿ ಎಂಬುದು ಅದರ ಸಾರ. ಆಗಸ್ಟ್ 29ರಂದು ಉಳಿದಿದ್ದ 36 ಜನರೂ ಹಡಗು ಹತ್ತಿದರು. ಚಿತ್ರ ನೋಡಿದವನಿಗೆ ವಿಚಿತ್ರ ಜನ ಕಾಣುತ್ತಾರೆ. ಕಾಗದ ಓದಿದವನಿಗೆ ಲೆಕ್ಕ ಹಾಕಿ, ಯೋಚಿಸಿ, ಎದೆ ಕಲ್ಲು ಮಾಡಿಕೊಂಡ ಒಂದು ಊರು ಕಾಣುತ್ತದೆ.

ಫ್ರಾನ್ಸಿನ ಜಾನ್ ಎಪ್‌ಸ್ಟೈನ್ ಬ್ರಿಟನಿಯ ದ್ವೀಪಗಳಲ್ಲಿ 1929ರ ‘ಫಿನಿಸ್ ಟೆರೆ’ ಮುಂತಾದ ಚಿತ್ರಗಳನ್ನು ಅಲ್ಲಿಯ ಜನರನ್ನೇ ಹಾಕಿಕೊಂಡು ತೆಗೆದರು. ಕಡಲಪಾಚಿ ಸುಟ್ಟು ಬೂದಿ ಮಾಡುವ ಕೆಲಸಗಾರನೊಬ್ಬನ ಹೆಬ್ಬೆರಳಿಗೆ ಗಾಯವಾಗಿ ಕೀವಾಗುವುದೇ ಅದರ ಕಥೆ. ಒಂದು ಬೆರಳಿಗೆ ಇಡೀ ಕಡಲನ್ನು ಕಟ್ಟಿಹಾಕಿದ ಆ ಚಿತ್ರ ಫ್ಲಾಹರ್ಟಿಯವರದಕ್ಕಿಂತ ನನಗೆ ಹತ್ತಿರ. ಶೆಟ್‌ಲೆಂಡಿನಲ್ಲಿ ಜೆನ್ನಿ ಗಿಲ್ಬರ್ಟ್‌ಸನ್ ಎಂಬ ಹೆಣ್ಣುಮಗಳು ಒಬ್ಬಳೇ 16 ಮಿ.ಮೀ. ಕ್ಯಾಮೆರಾ ಹಿಡಿದು ರೈತಾಪಿ ಬದುಕನ್ನು ಚಿತ್ರಿಸಿದಳು. 1931ರದು ಆ ಮೊದಲ ಚಿತ್ರ. ಆಮೇಲೆ ತನ್ನ ಚಿತ್ರದಲ್ಲಿ ನಟಿಸಿದ ದ್ವೀಪದ ರೈತನನ್ನೇ ಮದುವೆಯಾಗಿ ನೆಲೆಸಿದಳು. ಸೇಂಟ್ ಕಿಲ್ಡಾದ ಕಥೆಯನ್ನು 1937ರಲ್ಲಿ ಮೈಕೆಲ್ ಪವೆಲ್ ಕಥಾಚಿತ್ರ ಮಾಡಿದರು. ಅಲ್ಲಿ ಚಿತ್ರೀಕರಣಕ್ಕೆ ಅನುಮತಿ ಸಿಗದೆ ಫೌಲಾ ದ್ವೀಪಕ್ಕೆ ಹೋಗಬೇಕಾಯಿತು. 1978ರಲ್ಲಿ, ಮುಪ್ಪಿನಲ್ಲಿ, ಅವರು ಅದೇ ದ್ವೀಪಕ್ಕೆ ಮರಳಿ ಹಳೆಯ ನಟರನ್ನು ಕಂಡು ಇನ್ನೊಂದು ಚಿತ್ರ ತೆಗೆದರು. ಅದೇ ವರ್ಷ ಅಮೆರಿಕದ ಜಾರ್ಜ್ ಸ್ಟೋನಿ ಅರಾನಿಗೆ ಹೋಗಿ ‘ಮ್ಯಾನ್ ಆಫ್ ಅರಾನ್’ ಹೇಗೆ ತಯಾರಾಯಿತೆಂದು ದ್ವೀಪದವರ ಬಾಯಲ್ಲೇ ಕೇಳಿ ಚಿತ್ರ ಮಾಡಿದರು. ಮಾತು ಕೇಳಲು ಜಗತ್ತಿಗೆ ನಾಲ್ಕು ದಶಕಕ್ಕೂ ಹೆಚ್ಚು ಬೇಕಾಯಿತು.

ಅರಾನ್ ಮುಗಿಸಿದ ಫ್ಲಾಹರ್ಟಿ ಎಲ್ಲಿಗೆ ಹೋದರು ಎಂಬುದು ಕನ್ನಡಿಗರು ತಿಳಿದಿರಬೇಕಾದ ಸಂಗತಿ. ಅವರು ನೇರ ಬಂದದ್ದು ನಮ್ಮ ಮೈಸೂರಿಗೆ. ಕಿಪ್ಲಿಂಗನ ಕಥೆಯೊಂದನ್ನು ಆಧರಿಸಿದ ‘ಎಲಿಫೆಂಟ್ ಬಾಯ್’ ಚಿತ್ರಕ್ಕಾಗಿ 1935ರಲ್ಲಿ ಮಡದಿ ಫ್ರಾನ್ಸಿಸ್ ಅವರೊಂದಿಗೆ ಬಂದಿಳಿದರು. ನಾಲ್ವಡಿ ಕೃಷ್ಣರಾಜ ಒಡೆಯರು ಚಿತ್ತರಂಜನ ಮಹಲನ್ನು ತಂಡಕ್ಕೆ ಬಿಟ್ಟುಕೊಟ್ಟರು, ಅರಮನೆಯ ಆನೆಗಳನ್ನೂ ಕೊಟ್ಟರು. ಕಾರಾಪುರದ ಆನೆಲಾಯದಲ್ಲಿ ಬೆಳೆದ, ಮಾವುತನ ಮಗ, ತಬ್ಬಲಿ ಹುಡುಗ ಸಾಬು ಆ ಚಿತ್ರದ ನಾಯಕನಾದ. ಫ್ಲಾಹರ್ಟಿ ವರ್ಷಕ್ಕೂ ಮೀರಿ ಕಾಡು, ಖೆಡ್ಡಾ, ಆನೆಯ ಮೈಯ ಚಲನೆ ಎಂದು ಚಿತ್ರಿಸುತ್ತಲೇ ಹೋದರು. ಸುಮಾರು 55 ಗಂಟೆಗಳಷ್ಟು ಸುರುಳಿ ತುಂಬಿತು. ನಿರ್ಮಾಪಕ ಅಲೆಕ್ಸಾಂಡರ್ ಕೊರ್ಡಾ ತಾಳ್ಮೆಗೆಟ್ಟು, ತಮ್ಮನಾದ ಝೊಲ್ಟಾನನಿಂದ ಲಂಡನ್ ಬಳಿಯ ಡೆನ್‌ಹಾಮ್ ಸ್ಟುಡಿಯೋದಲ್ಲಿ ಸೆಟ್ ಹಾಕಿಸಿ ಕಥೆಯ ಭಾಗಗಳನ್ನು ತೆಗೆಸಿದ. 1937ರಲ್ಲಿ ಅದಕ್ಕೆ ವೆನಿಸ್‌ನಲ್ಲಿ ನಿರ್ದೇಶನದ ಪ್ರಶಸ್ತಿಯೂ ಬಂತು.

ಆ ಚಿತ್ರದಲ್ಲಿ ಕಬಿನಿಯ ಕಾಡು ಕಾಣುತ್ತದೆ, ಕಾಕನಕೋಟೆಯ ಆನೆಗಳ ಬೆನ್ನು ಮಳೆಯಲ್ಲಿ ಹೊಳೆಯುತ್ತದೆ. ಅದನ್ನು ನೋಡುವಾಗ ನನಗೆ ಊರಿನ ನೆನಪಾಗಿ ಗಂಟಲು ಕಟ್ಟಿದ್ದುಂಟು. ಆದರೆ ಸಾಬು ಮಾತಾಡುವುದು ಇಂಗ್ಲಿಷ್. ಅವನಿಗೆ ಆಗ ಆ ಭಾಷೆ ಬರುತ್ತಿರಲಿಲ್ಲ. ಹೇಳಿಕೊಟ್ಟ ಮಾತನ್ನು ಒಪ್ಪಿಸಿದ. ಆನೆಯನ್ನು ಮಲಗಿಸಲು, ಏಳಿಸಲು, ಮುದ್ದಿಸಲು ನಮ್ಮ ಮಾವುತರು ಕಾಡುಕುರುಬರು ಬಳಸುವ ಮಾತಿನ ಭಂಡಾರವೇ ಬೇರೆ ಇದೆ. ದಸರೆಯ ಹೊತ್ತಿಗೆ ಮೈಸೂರಿನ ಅರಮನೆ ಅಂಗಳದಲ್ಲಿ ನಿಂತರೆ ಇವತ್ತಿಗೂ ಅದು ಕಿವಿಗೆ ಬೀಳುತ್ತದೆ. ವರ್ಷಕ್ಕೂ ಮೀರಿ ಅವರ ನಡುವೆಯೇ ಇದ್ದ ಕ್ಯಾಮೆರಾ ಅವರ ಮೈಯನ್ನು ಕಂಡಷ್ಟು ಪ್ರೀತಿಯಿಂದ ಅವರ ಮಾತನ್ನು ಕೇಳಿಸಿಕೊಳ್ಳಲಿಲ್ಲ. ಅರಾನಿನಲ್ಲಿ ಆದದ್ದೇ ಕಾರಾಪುರದಲ್ಲೂ ಆಯಿತು.

ವಿಶಾಖಪಟ್ಟಣಕ್ಕೆ ಬರೋಣ. ಫ್ಲಾಹರ್ಟಿ ಅರಾನಿನ ಅಲೆಗಳನ್ನು ಚಿತ್ರಿಸುತ್ತಿದ್ದ ಕಾಲದಲ್ಲೇ ಈ ಊರಿನ ಬಂದರು ಕಟ್ಟಿ ಮುಗಿಯಿತು. 1933ರ ಡಿಸೆಂಬರ್ 19ರಂದು ವೈಸರಾಯ್ ವಿಲ್ಲಿಂಗ್ಡನ್ ಅದನ್ನು ಉದ್ಘಾಟಿಸಿದರು. 1948ರ ಮಾರ್ಚಿನಲ್ಲಿ ಇಲ್ಲಿಯ ಹಡಗುಕಟ್ಟೆಯಿಂದ ‘ಜಲ ಉಷಾ’ ನೀರಿಗಿಳಿದಾಗ ನೆಹರೂ ಬಂದಿದ್ದರು. ಕ್ಯಾಮೆರಾಗಳು ಈ ಕಡಲತೀರಕ್ಕೆ ಬಂದದ್ದು ಹೆಚ್ಚಾಗಿ ಇಂಥ ದೊಡ್ಡ ದಿನಗಳಿಗೆ. ಇಲ್ಲಿಯ ಮೀನುಗಾರ ಸಮುದಾಯಗಳಾದ ಜಾಲಾರಿ, ವಾಡಬಲಿಜ ಜನರ ತೆಪ್ಪಗಳನ್ನು ಗಮನವಿಟ್ಟು ಕಂಡವರು ಚಿತ್ರ ತೆಗೆಯುವವರಿಗಿಂತ ಮೀನುಗಾರಿಕೆ ಅಧಿಕಾರಿಗಳು. ಮದ್ರಾಸಿನ ಮೀನುಗಾರಿಕೆ ಇಲಾಖೆಯಲ್ಲಿದ್ದ ಜೇಮ್ಸ್ ಹಾರ್ನೆಲ್ 1920ರಲ್ಲಿ ಪ್ರಕಟಿಸಿದ ಭಾರತೀಯ ದೋಣಿಗಳ ಅಧ್ಯಯನದಲ್ಲಿ ಈ ಕರಾವಳಿಯ ತೆಪ್ಪಗಳೂ ಇವೆ. ದಿಮ್ಮಿ, ಕಟ್ಟು, ಹಾಯಿ ಎಲ್ಲದಕ್ಕೂ ಅದರಲ್ಲಿ ಜಾಗವಿದೆ.

1948ರಲ್ಲಿ ಫಿಲ್ಮ್ಸ್ ಡಿವಿಷನ್ ಶುರುವಾದ ಮೇಲೆ ದೇಶದ ಪ್ರತಿ ಚಿತ್ರಮಂದಿರವೂ ಪ್ರತಿ ಆಟಕ್ಕೂ ಮುಂಚೆ ವಾರ್ತಾಚಿತ್ರ ಅಥವಾ ಸಾಕ್ಷ್ಯಚಿತ್ರ ತೋರಿಸಲೇಬೇಕೆಂಬ ನಿಯಮ ಬಂತು. ವಿಜಯವಾಡ ಚಿತ್ರಮಂದಿರಗಳ ಊರು. 1921ರಲ್ಲೇ ಮಾರುತಿ ಸಿನಿಮಾ ಅಲ್ಲಿ ತೆರೆದಿತ್ತು. ಗಾಂಧಿನಗರದ ಬೀದಿಗಳಲ್ಲಿ ಹಂಚಿಕೆದಾರರ ಕಚೇರಿಗಳು ಸಾಲುಗಟ್ಟಿದ್ದವು. ಅಲ್ಲಿಂದ ಡಬ್ಬಗಳು ರೈಲು, ಬಸ್ಸು ಹತ್ತಿ ಕರಾವಳಿಯ ಊರೂರಿಗೆ ಹೋಗುತ್ತಿದ್ದವು. ಆ ಡಬ್ಬಗಳೊಂದಿಗೆ ಸರ್ಕಾರದ ಕಿರುಚಿತ್ರವೂ ಹೋಗುತ್ತಿತ್ತು. ಕನ್ನಡದಲ್ಲಿ ಅದನ್ನು ಕೇಳಿ ಬೆಳೆದವರಿಗೆ ಆ ದನಿ ನೆನಪಿರುತ್ತದೆ. ಒಬ್ಬರೇ ಗಂಡಸು, ಎಲ್ಲ ಊರಿನ ಬಗ್ಗೆಯೂ ಒಂದೇ ರಾಗ. ಅಸ್ಸಾಮಿನ ಚಹಾ ತೋಟವಾಗಲಿ ಕೇರಳದ ಹಗ್ಗ ಹೊಸೆಯುವವರಾಗಲಿ ಬಾಯಿ ಆಡಿಸುತ್ತಾರೆ, ಮಾತು ಆ ಗಂಡಸಿನದು. ತೆಲುಗಿನಲ್ಲೂ ಹಾಗೇ, ತಮಿಳಿನಲ್ಲೂ ಹಾಗೇ. ಒಳಗಿನವರೇ ಈ ಕಟ್ಟನ್ನು ಒಡೆದದ್ದೂ ಉಂಟು. ಎಸ್.ಎನ್.ಎಸ್. ಶಾಸ್ತ್ರಿ ಅವರ 1967ರ ‘ಐ ಆ್ಯಮ್ 20’ ಚಿತ್ರದಲ್ಲಿ ಸ್ವಾತಂತ್ರ್ಯದ ವರ್ಷ ಹುಟ್ಟಿದ ಹುಡುಗ ಹುಡುಗಿಯರು ತಮ್ಮ ಆಸೆ, ಸಿಟ್ಟು, ಅನುಮಾನವನ್ನು ತಾವೇ ಆಡುತ್ತಾರೆ. ಅಂಥದ್ದು ಅಪರೂಪ.

ದ್ವೀಪದ ಮಾತಿಗೆ ವಿಜಯವಾಡದಿಂದ ದೂರ ಹೋಗಬೇಕಿಲ್ಲ. ಪ್ರಕಾಶಂ ಬ್ಯಾರೇಜಿನ ಮೇಲ್ಗಡೆ ನದಿಯಲ್ಲೇ ಭವಾನಿ ದ್ವೀಪವಿದೆ, ಪ್ರವಾಸಿಗರ ದೋಣಿ ಅಲ್ಲಿಗೆ ಹೋಗಿಬರುತ್ತದೆ. ಕೆಳಗಡೆ, ಕೃಷ್ಣೆ ಕವಲಾಗಿ ಕಡಲು ಸೇರುವಲ್ಲಿ, ದಿವಿಸೀಮೆ. ತೆಲುಗಿನಲ್ಲಿ ‘ದಿವಿ’ ಎಂದರೆ ದ್ವೀಪ, ‘ಲಂಕ’ ಎಂದರೆ ನದಿಯ ನಡುಗಡ್ಡೆ. ನಮ್ಮ ಉಡುಪಿ ಕುಂದಾಪುರದ ಕಡೆಯ ‘ಕುದ್ರು’ ಇದ್ದ ಹಾಗೆ. ನಾಗಾಯಲಂಕ, ಅವನಿಗಡ್ಡ, ಎದುರುಮೊಂಡಿ ಎಂಬ ಹೆಸರುಗಳಲ್ಲೇ ನೀರಿದೆ. ಎದುರುಮೊಂಡಿಗೆ ಹೋಗಬೇಕಾದರೆ ಇಂದಿಗೂ ಕವಲನ್ನು ದೋಣಿಯಲ್ಲಿ ದಾಟುತ್ತಾರೆ; ಬೈಕು, ಹುಲ್ಲಿನ ಹೊರೆ, ಶಾಲೆಯ ಮಕ್ಕಳು ಎಲ್ಲ ಒಂದೇ ಹಲಗೆಯ ಮೇಲೆ.

1977ರ ನವೆಂಬರ್ 19ರಂದು ಈ ದಿವಿಸೀಮೆಯ ಮೇಲೆ ಚಂಡಮಾರುತದೊಂದಿಗೆ ಕಡಲೇ ಎದ್ದು ಬಂತು. ಅದಕ್ಕೆ ತೆಲುಗಿನ ಮಾತು ‘ಉಪ್ಪೆನ’. ಗಾಳಿಗಿಂತ ನೀರು ಕೊಂದದ್ದು ಹೆಚ್ಚು. ಸರ್ಕಾರದ ಲೆಕ್ಕದಲ್ಲೇ ಸತ್ತವರು ಹತ್ತು ಸಾವಿರದಷ್ಟು. ಆಗ ಕ್ಯಾಮೆರಾಗಳು ಬಂದವು. ಕೆಸರಿನಲ್ಲಿ ಹೂತ ದನಗಳು, ತಾಳೆಮರಕ್ಕೆ ಸಿಕ್ಕಿಕೊಂಡ ಬಟ್ಟೆ, ಹೆಲಿಕಾಪ್ಟರಿನಿಂದ ಬೀಳುವ ಪೊಟ್ಟಣಕ್ಕೆ ಚಾಚಿದ ಕೈ. ದಿವಿಸೀಮೆಯ ಜನ ದೇಶದ ಕಣ್ಣಿಗೆ ಬಿದ್ದದ್ದು ಹಾಗೆ. ಉಪ್ಪೆನಕ್ಕೂ ಮುಂಚೆ ಅವರು ಹೇಗಿದ್ದರು, ಯಾವ ಬಲೆ ಹೆಣೆಯುತ್ತಿದ್ದರು, ಭತ್ತದ ಗದ್ದೆ ಯಾರದು, ಏಡಿ ಹಿಡಿಯುವಾಗ ಏನು ಹಾಡುತ್ತಿದ್ದರು ಎಂದು ಕೇಳಲು ಯಾವ ಫ್ಲಾಹರ್ಟಿಯೂ ಬಂದಿರಲಿಲ್ಲ. ಇಲ್ಲಿ ನನಗೆ ಫ್ಲಾಹರ್ಟಿಯವರ ಮೇಲಿನ ಸಿಟ್ಟು ಇಳಿಯುತ್ತದೆ ಎಂದು ಒಪ್ಪಿಕೊಳ್ಳಬೇಕು. ಅವರು ಎರಡು ವರ್ಷ ಅರಾನಿನಲ್ಲಿ ಬದುಕಿದರು. ನೋಡಲು ಒಂದು ಮುಖವಾದರೂ ಉಳಿಯಿತು. ಉಪ್ಪೆನದಲ್ಲಿ ಒಂದು ಮನೆಯ ಆರೂ ಜನ ಹೋದ ಮೇಲೆ ಗೋಡೆಗೆ ಹಾಕಲು ಒಂದು ಫೋಟೋ ಕೂಡ ಇಲ್ಲದ ಬಂಧುಗಳ ನೋವು ಎಂಥದೆಂದು ನಾಗಾಯಲಂಕದಲ್ಲಿ ಕೇಳಿದವನಿಗೆ ಮುಖದ ಬೆಲೆ ಗೊತ್ತಾಗುತ್ತದೆ.

ಉಪ್ಪೆನದ ಆರು ತಿಂಗಳಿಗೆ, 1978ರ ಮೇ ತಿಂಗಳಲ್ಲಿ, ಬಾಲಚಂದರ್ ಅವರ ‘ಮರೋ ಚರಿತ್ರ’ ಬಂತು. ವಿಶಾಖಪಟ್ಟಣ, ಭೀಮಿಲಿಯ ಕಡಲತೀರದಲ್ಲಿ ತೆಗೆದ ಪ್ರೇಮಕಥೆ. ಅಲ್ಲಿಂದ ಮುಂದೆ ಈ ಮರಳು ತೆಲುಗು ಸಿನಿಮಾಕ್ಕೆ ಪ್ರೇಮಿಗಳು ಓಡುವ ಜಾಗವಾಯಿತು.

ಮಾತನ್ನು ಮರಳಿ ತಂದ ಚಿತ್ರಗಳು ಬರಲು 90ರ ದಶಕವಾಗಬೇಕಾಯಿತು. ಕೃಷ್ಣಾ, ಗೋದಾವರಿ ಮುಖಜದಲ್ಲಿ ಗದ್ದೆಗಳು ಒಂದೊಂದಾಗಿ ಸಿಗಡಿ ಹೊಂಡಗಳಾಗುತ್ತಿದ್ದ ಕಾಲ ಅದು. ಉಪ್ಪುನೀರು ಬಾವಿಗೆ ಇಳಿಯಿತು, ಮ್ಯಾಂಗ್ರೋವ್ ಕಾಡು ಕಡಿದರು. ಕರಾವಳಿಯ ಸಿಗಡಿ ಕೃಷಿಯ ವಿರುದ್ಧ 1996ರ ಡಿಸೆಂಬರ್ 11ರಂದು ಸುಪ್ರೀಂ ಕೋರ್ಟಿನ ತೀರ್ಪು ಬಂತು. ಆನಂದ ಪಟವರ್ಧನ್ 1998ರಲ್ಲಿ ಮೀನುಗಾರರ ಹೋರಾಟದ ಮೇಲೆ ತೆಗೆದ ‘ಫಿಶಿಂಗ್: ಇನ್ ದ ಸೀ ಆಫ್ ಗ್ರೀಡ್’ ಚಿತ್ರದಲ್ಲಿ ಅರಾನಿನ ಚಿತ್ರ ಬಿಟ್ಟುಬಿಟ್ಟದ್ದೆಲ್ಲ ಇದೆ. ಯಾರ ಟ್ರಾಲರ್, ಯಾರ ಹೊಂಡ, ಲಾಭ ಯಾರಿಗೆ ಎಂದು ಮೀನುಗಾರರೇ ಬೆರಳು ತೋರಿಸಿ ಹೇಳುತ್ತಾರೆ.

ಇನ್ನೊಂದು ಚಿತ್ರದ ಸುದ್ದಿ ನನಗೆ ‘ಮ್ಯಾನ್ ಆಫ್ ಅರಾನ್’ ಬಗ್ಗೆ ಮಾತು ಬಂದಾಗಲೆಲ್ಲ ನೆನಪಾಗುತ್ತದೆ. ಅರಾನಿನದು ಬಾಸ್ಕಿಂಗ್ ಶಾರ್ಕ್, ಜಗತ್ತಿನ ಎರಡನೆಯ ದೊಡ್ಡ ಮೀನು. ಎಲ್ಲಕ್ಕಿಂತ ದೊಡ್ಡದು ತಿಮಿಂಗಿಲ ಶಾರ್ಕ್. ನಮ್ಮ ಕರಾವಳಿಯಲ್ಲಿ ಶಾರ್ಕಿಗೆ ತಾಟೆ ಎನ್ನುತ್ತಾರೆ, ಇಲ್ಲಿ ಸೊರ. ಗುಜರಾತಿನ ತೀರದಲ್ಲಿ ತಿಮಿಂಗಿಲ ಶಾರ್ಕಿನ ಎಣ್ಣೆ, ಮಾಂಸಕ್ಕಾಗಿ ನಡೆಯುತ್ತಿದ್ದ ಬೇಟೆಯನ್ನು ಮೈಕ್ ಪಾಂಡೆ ‘ಶೋರ್ಸ್ ಆಫ್ ಸೈಲೆನ್ಸ್’ ಚಿತ್ರದಲ್ಲಿ 2000ದಲ್ಲಿ ತೋರಿಸಿದರು. ಮರುವರ್ಷವೇ, 2001ರ ಮೇ ತಿಂಗಳಲ್ಲಿ, ಅದು ವನ್ಯಜೀವಿ ಸಂರಕ್ಷಣಾ ಕಾಯಿದೆಯಡಿ ಬಂತು. ಈ ಕಾಯಿದೆಯ ರಕ್ಷಣೆ ಸಿಕ್ಕಿದ ಮೊದಲ ಮೀನುಗಳಲ್ಲಿ ಅದೊಂದು. ಒಂದು ಚಿತ್ರ ನಿಂತುಹೋದ ಬೇಟೆಯನ್ನು ಮತ್ತೆ ನಡೆಸಿತು, ಇನ್ನೊಂದು ನಡೆಯುತ್ತಿದ್ದ ಬೇಟೆಯನ್ನು ನಿಲ್ಲಿಸಿತು. 2021ರ ಡಿಸೆಂಬರಿನಲ್ಲಿ ವಿಶಾಖಪಟ್ಟಣದ ದಕ್ಷಿಣಕ್ಕಿರುವ ತಂತಡಿ ತೀರಕ್ಕೆ ತಿಮಿಂಗಿಲ ಶಾರ್ಕೊಂದು ಬಂದು ಸಿಕ್ಕಿಕೊಂಡಾಗ, ಅರಣ್ಯ ಇಲಾಖೆಯವರೂ ಮೀನುಗಾರರೂ ಸೇರಿ ಅದನ್ನು ಆಳದ ನೀರಿಗೆ ತಿರುಗಿಸಿ ಕಳಿಸಿದರು.

ಈಗ ಈ ತೀರದ ಹುಡುಗರ ಕೈಯಲ್ಲೇ ಕ್ಯಾಮೆರಾ ಇದೆ. ಫೈಬರ್ ದೋಣಿಯ ಮುಂತುದಿಗೆ ಮೊಬೈಲ್ ಕಟ್ಟಿ ಬೇಟೆಯನ್ನು ಚಿತ್ರಿಸಿ ಯೂಟ್ಯೂಬಿಗೆ ಹಾಕುವವರು ವಿಶಾಖದಲ್ಲೂ ಇದ್ದಾರೆ, ಮಲ್ಪೆಯಲ್ಲೂ ಇದ್ದಾರೆ. ಎಲ್ಲವೂ ಚೆನ್ನಾಗಿರುವುದಿಲ್ಲ. ಕೆಲವರು ದೊಡ್ಡ ಮೀನು ಸಿಕ್ಕಾಗ ಕಿರುಚುವುದೇ ಹೆಚ್ಚು, ಕೆಲವರು ಮೇಲೆ ಸಿನಿಮಾ ಹಾಡು ಹಾಕಿ ಮಾತನ್ನೆಲ್ಲ ಮುಳುಗಿಸುತ್ತಾರೆ. ಆದರೆ ಒಳ್ಳೆಯ ಕೆಲವಿವೆ, ಅವನ್ನು ನಾನು ಬೆಳಗಿನ ಕಾಫಿಯ ಹೊತ್ತಿಗೆ ತಪ್ಪದೆ ನೋಡುತ್ತೇನೆ. ತಾತನೂ ನೋಡುತ್ತಾರೆ, ಮೊಮ್ಮಗನ ಫೋನಿನಲ್ಲಿ. ಆ ಹುಡುಗರು ಆಡುವುದು ಪತ್ರಿಕೆಯ ತೆಲುಗಲ್ಲ, ಉತ್ತರಾಂಧ್ರದ ಕಡಲತೀರದ ತೆಲುಗು. ವಿಜಯವಾಡದ ನನ್ನ ಗೆಳೆಯನಿಗೇ ಅದರಲ್ಲಿ ನಾಲ್ಕಕ್ಕೊಂದು ಪದ ಗೊತ್ತಾಗುವುದಿಲ್ಲ.

ಹೋದ ವಾರ ಅಂಥದೊಂದು ನೋಡಿದೆ. ಬೆಳಗಿನ ಜಾವ, ಇನ್ನೂ ಕತ್ತಲು. ದೋಣಿಯಲ್ಲಿ ನಾಲ್ವರು. ಎಂಜಿನ್ನಿನ ಗುಡುಗುಡು. ಬಲೆ ಮೇಲೆ ಬರುತ್ತದೆ. ಬಂಗುಡೆ ಒಂದಿಷ್ಟು, ಇಲ್ಲಿಯವರು ಅದಕ್ಕೆ ಕಾನಾಗಡತ ಎನ್ನುತ್ತಾರೆ, ಉಳಿದದ್ದು ಪ್ಲಾಸ್ಟಿಕ್ಕು, ಪಾಚಿ. ಚಿತ್ರಿಸುತ್ತಿದ್ದ ಹುಡುಗ ಕ್ಯಾಮೆರಾವನ್ನು ಮೀನಿನಿಂದ ತನ್ನ ಮುಖಕ್ಕೆ ತಿರುಗಿಸಿ ಲೆಕ್ಕ ಹೇಳತೊಡಗಿದ: ಡೀಸೆಲಿಗೆ ಇಷ್ಟು, ಐಸಿಗೆ ಇಷ್ಟು, ದೋಣಿಯವರ ಪಾಲು ಇಷ್ಟು, ನಮಗೆ ನಾಲ್ವರಿಗೆ ಉಳಿಯುವುದು ಇಷ್ಟು. ಅಷ್ಟರಲ್ಲಿ ಅಡ್ಡದಿಂದ ಒಂದು ಕೆರಟ ಬಡಿದು ತೆರೆಯೆಲ್ಲ ನೀರಾಯಿತು, ಏನೂ ಕಾಣಲಿಲ್ಲ. ಹುಡುಗ ಲುಂಗಿಯ ತುದಿಯಿಂದ ಲೆನ್ಸ್ ಒರೆಸಿ, ಎಲ್ಲಿ ನಿಲ್ಲಿಸಿದ್ದನೋ ಅಲ್ಲಿಂದಲೇ ಲೆಕ್ಕ ಮುಂದುವರಿಸಿದ.